ಕರಡಾಗಿಯೇ ಉಳಿದ ಸಲಹೆ

ಆಸ್ಟ್ರೇಲಿಯಾದ ಸಮಾಜ ಸೇವೆಗಳ ಇಲಾಖೆಗೆ 2018ರ ಆಗಸ್ಟ್‌ನಲ್ಲಿ ಒಂದು ಕಾನೂನು ಸಲಹೆ ಬಂದು ಸೇರಿತು. ಇಲಾಖೆ ತಾನೇ ಹಣ ತೆತ್ತು ಹೊರಗಿನ ವಕೀಲರಿಂದ ಬರೆಸಿಕೊಂಡಿದ್ದ ಸಲಹೆ ಅದು. ಜನರ ವಾರ್ಷಿಕ ಆದಾಯವನ್ನು ಸರಾಸರಿ ಮಾಡಿ, ಆ ಸರಾಸರಿಯೊಂದನ್ನೇ ನೆಚ್ಚಿ ಅವರನ್ನು ಸರ್ಕಾರಕ್ಕೆ ಸಾಲಗಾರರೆಂದು ಘೋಷಿಸಲು ಕಾಯಿದೆಯಲ್ಲಿ ಅವಕಾಶವಿಲ್ಲ ಎಂಬುದು ಅದರ ತಿರುಳು. ಸಲಹೆ ಬಂದದ್ದು ಕರಡು ರೂಪದಲ್ಲಿ. ಅದನ್ನು ಅಂತಿಮಗೊಳಿಸಿ ಕೊಡಿ ಎಂದು ಇಲಾಖೆ ಕೇಳಲಿಲ್ಲ. ಕರಡು ಕರಡಾಗಿರುವ ತನಕ ಅದಕ್ಕೆ ಉತ್ತರಿಸುವ ಹೊಣೆ ಯಾರದೂ ಅಲ್ಲ. ಯೋಜನೆ ಮುಂದಿನ ವರ್ಷದ ನವೆಂಬರ್ ತನಕ ನಡೆದೇ ಇತ್ತು.

ಸಾರ್ವಜನಿಕ ನಿರ್ವಹಣೆಯ ವಿದ್ಯಾರ್ಥಿಗಳಿಗೆ ಆಡಳಿತ ಕಾನೂನನ್ನೂ ನೀತಿಶಾಸ್ತ್ರವನ್ನೂ ಕಲಿಸುವವರು ಉತ್ತರಿಸಬೇಕಾದ ಪ್ರಶ್ನೆ ಈ ಕರಡಿನಲ್ಲಿದೆ. ಅದನ್ನು ಓದಿದವರು ಅವಿದ್ಯಾವಂತರಲ್ಲ, ಹೆಚ್ಚಿನವರು ಲಂಚಕೋರರೂ ಅಲ್ಲ. ತಮ್ಮ ಸೇವೆಯ ಮೌಲ್ಯಗಳನ್ನು ಬಾಯಿಪಾಠವಾಗಿ ಹೇಳಬಲ್ಲವರು. 1999ರ ಸಾರ್ವಜನಿಕ ಸೇವಾ ಕಾಯಿದೆಯಲ್ಲಿ ಆ ಮೌಲ್ಯಗಳನ್ನು ಬರೆದೇ ಇಡಲಾಗಿದೆ: ನಿಷ್ಪಕ್ಷಪಾತ, ಸೇವಾನಿಷ್ಠೆ, ಉತ್ತರದಾಯಿತ್ವ, ಗೌರವ, ನೈತಿಕತೆ. ಇಷ್ಟೆಲ್ಲ ಇದ್ದೂ ಕಾನೂನಿನ ಆಧಾರವಿಲ್ಲದ ವಸೂಲಿಯೊಂದು ನಾಲ್ಕು ಲಕ್ಷಕ್ಕೂ ಹೆಚ್ಚು ಜನರ ಮನೆಬಾಗಿಲಿಗೆ ಹೋಯಿತೆಂದರೆ, ದೋಷ ಕೆಲವು ವ್ಯಕ್ತಿಗಳದ್ದು ಮಾತ್ರವೆಂದು ಹೇಳಿ ಕೈತೊಳೆದುಕೊಳ್ಳುವುದು ಕಷ್ಟ.

‘ರೋಬೊಡೆಟ್’ ಎಂದು ಹೆಸರಾದ ಈ ಯೋಜನೆಯ ಲೆಕ್ಕ ಎಷ್ಟು ಸರಳವೋ ಅಷ್ಟೇ ಕ್ರೂರ. ನಿರುದ್ಯೋಗ ಭತ್ಯೆ, ವಿದ್ಯಾರ್ಥಿ ಭತ್ಯೆ ಮುಂತಾದವನ್ನು ಸೆಂಟರ್‌ಲಿಂಕ್ ಕಚೇರಿ ಎರಡು ವಾರಕ್ಕೊಮ್ಮೆ ಲೆಕ್ಕಹಾಕುತ್ತದೆ. ಆಯಾ ಎರಡು ವಾರದ ಗಳಿಕೆಗೆ ತಕ್ಕಂತೆ ಭತ್ಯೆ ಕಡಿಮೆಯಾಗುತ್ತದೆ ಅಥವಾ ನಿಲ್ಲುತ್ತದೆ. ತೆರಿಗೆ ಇಲಾಖೆಯ ಬಳಿ ಇರುವುದು ವರ್ಷದ ಒಟ್ಟು ಆದಾಯ. ಒಬ್ಬ ವಿದ್ಯಾರ್ಥಿನಿ ವರ್ಷದ ಮೊದಲ ಅರ್ಧದಲ್ಲಿ, ಅಂದರೆ 13 ಪಾಕ್ಷಿಕ ಅವಧಿಗಳಲ್ಲಿ, ಯಾವ ಕೆಲಸವೂ ಇಲ್ಲದೆ ಭತ್ಯೆ ಪಡೆದಳು ಎಂದುಕೊಳ್ಳೋಣ. ಉಳಿದ 13 ಅವಧಿಗಳಲ್ಲಿ ಕೆಲಸ ಸಿಕ್ಕಿ ಪ್ರತಿ ಸಲ 2,000 ಡಾಲರ್ ಗಳಿಸಿದಳು, ಭತ್ಯೆ ಬಿಟ್ಟಳು. ಅವಳು ಹೇಳಿದ್ದೆಲ್ಲ ಸತ್ಯ. ವರ್ಷದ ಗಳಿಕೆ 26,000. ಗಣಕ ಅದನ್ನು 26ರಿಂದ ಭಾಗಿಸಿ, ಎರಡು ವಾರಕ್ಕೆ 1,000 ಎಂದಿತು. ಹಾಗಾದರೆ ಮೊದಲ ಆರು ತಿಂಗಳೂ ಅವಳಿಗೆ ಆದಾಯವಿತ್ತು, ಅದನ್ನು ಮುಚ್ಚಿಟ್ಟು ಭತ್ಯೆ ಪಡೆದಳು, ಅದನ್ನು ಹಿಂದಿರುಗಿಸಬೇಕು. ಇಲ್ಲವೆಂದು ತೋರಿಸುವ ಹೊರೆ ಅವಳ ಮೇಲೆ. ಎಷ್ಟೋ ವರ್ಷಗಳ ಹಿಂದಿನ ಸಂಬಳದ ಚೀಟಿಗಳನ್ನು ಅವಳು ಹುಡುಕಿ ತರಬೇಕು. ಆ ಹೋಟೆಲು ಮುಚ್ಚಿಹೋಗಿರಬಹುದು, ಮಾಲೀಕ ಊರು ಬಿಟ್ಟಿರಬಹುದು. ಮೊದಮೊದಲು ಹೋದ ಪತ್ರಗಳಲ್ಲಿ ಈ ವಿಚಾರ ನೋಡಿಕೊಳ್ಳುವ ವಿಭಾಗದ ನೇರ ದೂರವಾಣಿ ಸಂಖ್ಯೆಯೂ ಇರಲಿಲ್ಲ.

ಇದು ತಪ್ಪೆಂದು ತಿಳಿಯಲು ಕಾನೂನಿನ ಪದವಿ ಬೇಕಿಲ್ಲ. ಆಡಳಿತ ಕಾನೂನಿನ ಮೊದಲ ವಾರದ ಪಾಠ ಸಾಕು. ಸರ್ಕಾರಕ್ಕೆ ಸ್ವಂತ ಬಲವೆಂಬುದಿಲ್ಲ, ಕಾಯಿದೆ ಕೊಟ್ಟಷ್ಟೇ ಅಧಿಕಾರ. ಸಾಲವಿದೆ ಎನ್ನುವವರೇ ಅದನ್ನು ತೋರಿಸಿಕೊಡಬೇಕು. ಒಬ್ಬರ ವಿರುದ್ಧ ತೀರ್ಮಾನಿಸುವ ಮೊದಲು ಅವರ ಮಾತು ಕೇಳಬೇಕು. ತೀರ್ಮಾನಕ್ಕೆ ಆಧಾರವಾಗಿ ನಿಜವಾದ ಪುರಾವೆ ಬೇಕು. ಈ ನಾಲ್ಕನ್ನೂ ಯೋಜನೆ ಒಂದೇ ಏಟಿಗೆ ಮುರಿಯಿತು. ಹೀಗಾಗುತ್ತದೆಂದು ಮುಂಚೆಯೇ ತಿಳಿದಿತ್ತು ಎಂಬುದು ಇನ್ನೂ ಗಂಭೀರ. 2014ರ ಕೊನೆಯಲ್ಲಿ, ಯೋಜನೆ ಇನ್ನೂ ಮೇಜಿನ ಮೇಲಿದ್ದಾಗ, ಇಲಾಖೆಯ ಒಳಗಿನ ವಕೀಲರೇ ಸರಾಸರಿಯ ವಿಧಾನ ಕಾಯಿದೆಗೆ ಹೊಂದುವುದಿಲ್ಲ ಎಂದು ಬರೆದಿದ್ದರು. ಮರುವರ್ಷ ಸಂಪುಟದ ಮುಂದೆ ಹೋದ ಪ್ರಸ್ತಾವನೆಯಲ್ಲಿ ಆ ಎಚ್ಚರಿಕೆ ಇರಲಿಲ್ಲ.

ಮುಂದಿನದು ಒಂದು ದೀರ್ಘ ಮೌನದ ಕಥೆ. 2017ರಲ್ಲಿ ಆಡಳಿತ ಮೇಲ್ಮನವಿ ನ್ಯಾಯಮಂಡಳಿಯ ಸದಸ್ಯರಾಗಿದ್ದ ಪ್ರಾಧ್ಯಾಪಕ ಟೆರಿ ಕಾರ್ನಿ ಇಂಥ ಸಾಲಗಳಿಗೆ ಕಾನೂನಿನ ಆಧಾರವಿಲ್ಲವೆಂದು ಮತ್ತೆ ಮತ್ತೆ ತೀರ್ಪು ಕೊಟ್ಟರು. ಸರ್ಕಾರ ಅವುಗಳ ವಿರುದ್ಧ ಮೇಲ್ಮನವಿ ಹೋಗಲಿಲ್ಲ. ಹೋಗಿದ್ದರೆ ಮೇಲಿನ ಹಂತದ ತೀರ್ಪು ಎಲ್ಲರ ಕಣ್ಣಿಗೂ ಬೀಳುತ್ತಿತ್ತು. ಕೆಳಹಂತದ ತೀರ್ಪುಗಳು ಸಾಮಾನ್ಯವಾಗಿ ಪ್ರಕಟವಾಗುತ್ತಿರಲಿಲ್ಲ. ಒಬ್ಬೊಬ್ಬರೇ ಗೆದ್ದು ಮನೆಗೆ ಹೋದರು, ಪತ್ರಗಳು ಮಿಕ್ಕವರಿಗೆ ಹೋಗುತ್ತಲೇ ಇದ್ದವು. ಅದೇ ವರ್ಷ ಕಾರ್ನಿಯವರ ಅವಧಿ ಮುಗಿಯಿತು, ಮರುನೇಮಕವಾಗಲಿಲ್ಲ. 2019ರ ನವೆಂಬರ್‌ನಲ್ಲಿ ಫೆಡರಲ್ ನ್ಯಾಯಾಲಯದ ಅಮಾಟೊ ಪ್ರಕರಣದಲ್ಲಿ ಸರ್ಕಾರ ಕೊನೆಗೂ ಸೋಲೊಪ್ಪಿತು. 2020ರ ಮೇ ತಿಂಗಳಲ್ಲಿ 4,70,000 ಸಾಲಗಳ 72.1 ಕೋಟಿ ಡಾಲರ್ ಹಿಂದಿರುಗಿಸುವುದಾಗಿ ಪ್ರಕಟಿಸಿತು. ಕ್ಯಾಥರೀನ್ ಹೋಮ್ಸ್ ಅವರ ರಾಯಲ್ ಕಮಿಷನ್ 2023ರ ಜುಲೈನಲ್ಲಿ 57 ಶಿಫಾರಸುಗಳ ವರದಿ ಕೊಟ್ಟಿತು. ಮಕ್ಕಳನ್ನು ಕಳೆದುಕೊಂಡ ಇಬ್ಬರು ತಾಯಂದಿರು ಆ ಆಯೋಗದ ಮುಂದೆ ಸಾಕ್ಷಿ ನುಡಿದಿದ್ದರು. ಅದರ ಬಗ್ಗೆ ಹೆಚ್ಚು ಹೇಳುವುದು ಸರಿಯಲ್ಲ. 2024ರ ಸೆಪ್ಟೆಂಬರ್‌ನಲ್ಲಿ, 12 ಮಂದಿ ಹಾಲಿ ಮತ್ತು ಮಾಜಿ ಅಧಿಕಾರಿಗಳು ನಡತೆಯ ಸಂಹಿತೆಯನ್ನು 97 ಬಾರಿ ಉಲ್ಲಂಘಿಸಿದ್ದಾರೆಂದು ಸಾರ್ವಜನಿಕ ಸೇವಾ ಆಯೋಗದ ವಿಚಾರಣೆ ಹೇಳಿತು.

ಈಗ ತರಗತಿಗೆ ಬರಬೇಕು. ಸಾರ್ವಜನಿಕ ನಿರ್ವಹಣೆಯ ಸ್ನಾತಕೋತ್ತರ ಪಠ್ಯಕ್ರಮಗಳಲ್ಲಿ ಈ ಎರಡು ವಿಷಯಗಳಿಗೆ ಸಾಮಾನ್ಯವಾಗಿ ಎರಡು ಬೇರೆ ಕೋಣೆಗಳು. ಆಡಳಿತ ಕಾನೂನಿನ ಕೋಣೆಯಲ್ಲಿ ನ್ಯಾಯಾಂಗ ವಿಮರ್ಶೆಯ ಆಧಾರಗಳ ಪಟ್ಟಿ, ಹತ್ತಿಪ್ಪತ್ತು ತೀರ್ಪುಗಳ ಹೆಸರು, ‘ಕಾನೂನಿನ ಅಪಾಯವನ್ನು ನಿಭಾಯಿಸುವುದು ಹೇಗೆ’ ಎಂಬ ಒಂದು ಉಪನ್ಯಾಸ. ಈ ‘ಅಪಾಯ’ ಎಂಬ ಪದವೇ ವಿಷಬೀಜ. ಕಾನೂನನ್ನು ಅಪಾಯವೆಂದು ಕಲಿತವನು ಅದನ್ನು ಮಳೆಯಂತೆ ನೋಡುತ್ತಾನೆ: ಬರಬಹುದು, ಬರದೆಯೂ ಇರಬಹುದು, ಕೊಡೆಯೊಂದಿದ್ದರೆ ಸಾಕು. ನೀತಿಯ ಕೋಣೆಯಲ್ಲಿ ಕಾಂಟ್, ಮಿಲ್, ಅರಿಸ್ಟಾಟಲ್, ಬ್ರಿಟನ್ನಿನ 1995ರ ನೋಲನ್ ಸಮಿತಿಯ ಏಳು ತತ್ವಗಳು, ಆಮೇಲೆ ಒಂದು ಧರ್ಮಸಂಕಟದ ಕಥೆ. ಆ ಕಥೆಯಲ್ಲಿ ಯಾವಾಗಲೂ ಒಬ್ಬ ದುಷ್ಟ ಮೇಲಧಿಕಾರಿ, ಒಬ್ಬ ಸಜ್ಜನ ಕಿರಿಯ ಅಧಿಕಾರಿ, ಒಂದು ಲಂಚದ ಲಕೋಟೆ. ರೋಬೊಡೆಟ್‌ನಲ್ಲಿ ಲಕೋಟೆ ಇರಲಿಲ್ಲ. ಇದ್ದದ್ದು ಉಳಿತಾಯದ ಗುರಿ, ಸಚಿವರ ಅವಸರ, ಮತ್ತು ‘ಕಾನೂನಿನ ವಿಚಾರ ಕಾನೂನು ವಿಭಾಗದವರು ನೋಡಿಕೊಳ್ಳುತ್ತಾರೆ’ ಎಂಬ ನೆಮ್ಮದಿ.

ಭಾರತದಲ್ಲೂ ಈ ಎರಡು ಕೋಣೆಗಳ ವ್ಯವಸ್ಥೆ ಬೇರೆ ರೂಪದಲ್ಲಿದೆ. ಕೇಂದ್ರ ಲೋಕಸೇವಾ ಆಯೋಗದ ಮುಖ್ಯ ಪರೀಕ್ಷೆಗೆ 2013ರಲ್ಲಿ ನೀತಿ, ಪ್ರಾಮಾಣಿಕತೆ ಮತ್ತು ಅಭಿಕ್ಷಮತೆಯ ಪತ್ರಿಕೆಯೊಂದು ಸೇರಿತು: 250 ಅಂಕ. ಉದ್ದೇಶ ಒಳ್ಳೆಯದೇ. ಆದರೆ ಪರೀಕ್ಷೆಗೆ ಸೇರಿದ ಯಾವ ಸದ್ಗುಣವೂ ಕೋಚಿಂಗ್ ಕೇಂದ್ರದಿಂದ ಪಾರಾಗಲಾರದು. ಧಾರವಾಡ, ವಿಜಯನಗರ, ದೆಹಲಿಯ ರಾಜಿಂದರ್ ನಗರದ ಓದುಕೋಣೆಗಳಲ್ಲಿ ಕರುಣೆಗೂ ನಿಸ್ವಾರ್ಥಕ್ಕೂ ಸಿದ್ಧ ಉತ್ತರಗಳಿವೆ. ಗಾಂಧೀಜಿಯ ಒಂದು ಮಾತು, ಒಂದು ಪುಟ್ಟ ಚಿತ್ರ, ಒಂದು ಸಮತೋಲಿತ ಮುಕ್ತಾಯ. ಯಾವ ಕಾಯಿದೆಯ ಯಾವ ಕಲಮಿನ ಕೆಳಗೆ ಈ ಆದೇಶ ಹೊರಡುತ್ತದೆ ಎಂಬ ಒಣ ಪ್ರಶ್ನೆಗೆ ಅಲ್ಲಿ ಜಾಗವಿಲ್ಲ.

ಆ ಒಣ ಪ್ರಶ್ನೆಯೇ ಆಡಳಿತಗಾರರ ಪಾಲಿನ ಮೊದಲ ನೈತಿಕ ಪ್ರಶ್ನೆ. ಬಡವರ ವಿಷಯದಲ್ಲಂತೂ ಅದಕ್ಕಿಂತ ದೊಡ್ಡ ಕರುಣೆ ಇಲ್ಲ. ಹಣವಿದ್ದವರಿಗೆ ತಪ್ಪು ಆದೇಶ ಬಂದರೆ ಅವರ ಲೆಕ್ಕಪರಿಶೋಧಕರು, ವಕೀಲರು ಮರುದಿನವೇ ಈ ಪ್ರಶ್ನೆ ಕೇಳುತ್ತಾರೆ. ಭತ್ಯೆಯ ಮೇಲೆ ಬದುಕುವವರ ಪರವಾಗಿ ಅದನ್ನು ಕೇಳಬಲ್ಲವರು ಆದೇಶ ಹೊರಡುವ ಮುನ್ನ ಮೇಜಿನ ಈ ಬದಿಯಲ್ಲಿ ಕುಳಿತವರು ಮಾತ್ರ. ಅವರು ಕೇಳದಿದ್ದರೆ ಪ್ರಶ್ನೆ ಹುಟ್ಟುವುದೇ ಇಲ್ಲ.

ಕಾನೂನು ಮತ್ತು ನೀತಿ ಬೇರೆಬೇರೆಯಲ್ಲ ಎಂದು ತೋರಿಸಲು ಭಾರತದ ಒಂದು ಹಳೆಯ ಪ್ರಕರಣಕ್ಕಿಂತ ಒಳ್ಳೆಯ ಪಾಠವಿಲ್ಲ. 1969ರ ಕ್ರೈಪಾಕ್ ಪ್ರಕರಣವದು. ಭಾರತೀಯ ಅರಣ್ಯ ಸೇವೆಗೆ ಜಮ್ಮು-ಕಾಶ್ಮೀರದ ಅಧಿಕಾರಿಗಳನ್ನು ಆಯ್ಕೆ ಮಾಡುವ ಮಂಡಳಿಯಲ್ಲಿ ಅಲ್ಲಿನ ಪ್ರಭಾರಿ ಮುಖ್ಯ ಅರಣ್ಯ ಸಂರಕ್ಷಣಾಧಿಕಾರಿಯೂ ಸದಸ್ಯರಾಗಿದ್ದರು; ಅವರೇ ಅಭ್ಯರ್ಥಿಯೂ ಆಗಿದ್ದರು. ತಮ್ಮ ಹೆಸರು ಚರ್ಚೆಗೆ ಬಂದಾಗ ಎದ್ದು ಹೊರಗೆ ಹೋದರು, ಪ್ರತಿಸ್ಪರ್ಧಿಗಳ ಹೆಸರು ಬಂದಾಗ ಒಳಗೇ ಕುಳಿತಿದ್ದರು. ಸುಪ್ರೀಂ ಕೋರ್ಟ್ ಆ ಆಯ್ಕೆಯನ್ನು ರದ್ದುಮಾಡಿತು. ಆಡಳಿತದ ತೀರ್ಮಾನಕ್ಕೂ ಸಹಜ ನ್ಯಾಯ ಅನ್ವಯಿಸುತ್ತದೆಂದು ಹೇಳಿತು. ಆ ಅಧಿಕಾರಿ ಮಾಡಿದ್ದು ಕಾನೂನಿನ ತಪ್ಪೋ ನೈತಿಕ ತಪ್ಪೋ ಎಂದು ಕೇಳಿದರೆ ವಿದ್ಯಾರ್ಥಿ ತಡವರಿಸುತ್ತಾನೆ. ಆ ತಡವರಿಕೆ ಒಳ್ಳೆಯದು. ಪಾಠ ಶುರುವಾಗಬೇಕಾದ್ದು ಅಲ್ಲಿಂದ.

ಮೆಲ್ಬರ್ನ್, ಕ್ಯಾನ್‌ಬೆರಾ, ಸಿಡ್ನಿಯ ಇಂಥ ತರಗತಿಗಳಲ್ಲಿ ಭಾರತದಿಂದ ಬಂದ ವಿದ್ಯಾರ್ಥಿಗಳೂ ಇರುತ್ತಾರೆ. ತಾವು ಕಲಿಯಲು ಬಂದವರು, ತಮ್ಮ ಊರಿನ ಆಡಳಿತ ನಾಚಿಕೆಯ ವಿಷಯ ಎಂಬ ಸಂಕೋಚ ಅವರನ್ನು ಕಾಡುವುದು ಸಹಜ. ಆದರೆ ತಾಲ್ಲೂಕು ಕಚೇರಿಯ ಗುಮಾಸ್ತನಿಗೆ ಗೊತ್ತಿರುವ ಒಂದು ಸಂಗತಿ ಇಲ್ಲಿನ ಹಿರಿಯ ಅಧಿಕಾರಿಗಳಿಗೆ ಮರೆತುಹೋದಂತಿದೆ. ಅದು ಟಿಪ್ಪಣಿ ಹಾಳೆ. ಕಡತದ ಎಡಬದಿಯಲ್ಲಿ ವಿಷಯ ನಿರ್ವಾಹಕನಿಂದ ಹಿಡಿದು ಕಾರ್ಯದರ್ಶಿಯ ತನಕ ಪ್ರತಿಯೊಬ್ಬರೂ ತಮ್ಮ ಅಭಿಪ್ರಾಯ ಬರೆದು, ಸಹಿ ಹಾಕಿ, ದಿನಾಂಕ ನಮೂದಿಸಿ ಮೇಲೆ ಕಳಿಸಬೇಕು. ಕೆಳಗಿನವನು ‘ನಿಯಮದಲ್ಲಿ ಅವಕಾಶವಿಲ್ಲ’ ಎಂದು ಬರೆದಿದ್ದರೆ, ಮೇಲಿನವನು ಅದನ್ನು ದಾಟಿ ಹೋಗಬಹುದು, ಅಳಿಸಲಾರ. ವಸಾಹತುಶಾಹಿ ಬಿಟ್ಟುಹೋದ ಈ ಪದ್ಧತಿಯಿಂದ ಜನ ಪಟ್ಟ ಪಾಡು ಅಷ್ಟಿಷ್ಟಲ್ಲ. ಅದನ್ನು ಹೊಗಳುವುದು ಇಲ್ಲಿನ ಉದ್ದೇಶವಲ್ಲ. ಆದರೂ ಭಿನ್ನಮತಕ್ಕೆ ಕಾಗದದ ಮೇಲೆ ಒಂದು ಕಾಯಂ ಜಾಗ ಅದರಲ್ಲಿದೆ. 2005ರ ಮಾಹಿತಿ ಹಕ್ಕು ಕಾಯಿದೆ ಆ ಹಾಳೆಯನ್ನು ಜನರೂ ಓದುವಂತೆ ಮಾಡಿತು.

ಸೇವಾ ನಡತೆಯ ನಿಯಮಗಳೂ ಇದನ್ನೇ ಹೇಳುತ್ತವೆ. ಅಖಿಲ ಭಾರತ ಸೇವೆಗಳ 1968ರ ನಿಯಮಗಳ ಪ್ರಕಾರ ಮೇಲಧಿಕಾರಿಯ ನಿರ್ದೇಶನ ಸಾಮಾನ್ಯವಾಗಿ ಲಿಖಿತವಾಗಿರಬೇಕು. ಮೌಖಿಕವಾಗಿ ಕೊಡಲೇಬೇಕಾಗಿ ಬಂದರೆ ಆನಂತರ ಬರೆದು ದೃಢಪಡಿಸಬೇಕು. ಟಿ.ಎಸ್.ಆರ್. ಸುಬ್ರಮಣಿಯನ್ ಮತ್ತಿತರ ನಿವೃತ್ತ ಅಧಿಕಾರಿಗಳು ಹೂಡಿದ ಮೊಕದ್ದಮೆಯಲ್ಲಿ 2013ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಮೌಖಿಕ ಆದೇಶಗಳನ್ನು ದಾಖಲಿಸಲೇಬೇಕೆಂದು ಸ್ಪಷ್ಟವಾಗಿ ಹೇಳಿತು. ಬೆಂಗಳೂರಿನಲ್ಲಾಗಲಿ ದೆಹಲಿಯಲ್ಲಾಗಲಿ ಇದು ಅಕ್ಷರಶಃ ಪಾಲನೆಯಾಗುತ್ತಿದೆ ಎಂದು ನಂಬುವಷ್ಟು ಮುಗ್ಧರು ಯಾರೂ ಇಲ್ಲ. ಆದರೆ ಬರೆಯದಿರುವುದು ಅಲ್ಲಿ ತಪ್ಪೆಂದು ಎಲ್ಲರಿಗೂ ಗೊತ್ತು. ರೋಬೊಡೆಟ್‌ನಲ್ಲಿ ಬರೆಯದಿರುವುದು, ಬರೆದದ್ದನ್ನು ಕರಡಾಗಿ ಇಟ್ಟುಕೊಳ್ಳುವುದು ಜಾಣತನದ ನಿರ್ವಹಣೆಯಾಗಿತ್ತು. ಕರಡು ಸಲಹೆಗಳನ್ನು ಹಾಗೇ ಬಿಡಬಾರದೆಂದು ರಾಯಲ್ ಕಮಿಷನ್ ಪ್ರತ್ಯೇಕವಾಗಿ ಶಿಫಾರಸು ಮಾಡಬೇಕಾಗಿ ಬಂತು.

ಇದಕ್ಕೆ ಒಂದು ಬಲವಾದ ಆಕ್ಷೇಪವಿದೆ, ಅದನ್ನು ತಳ್ಳಿಹಾಕುವಂತಿಲ್ಲ. ವ್ಯವಸ್ಥಾಪಕರನ್ನೆಲ್ಲ ಅರೆವಕೀಲರನ್ನಾಗಿ ಮಾಡಿದರೆ ಕೆಲಸವೇ ನಡೆಯುವುದಿಲ್ಲ. ನಿಯಮದ ಪುಸ್ತಕ ಹಿಡಿದು ಅರ್ಜಿದಾರನನ್ನು ಅಲೆಸುವ ಗುಮಾಸ್ತನಿಗೆ ಇನ್ನೊಂದು ಆಯುಧ ಕೊಟ್ಟಂತಾಗುತ್ತದೆ. ಪಹಣಿಗಾಗಿ, ಜಾತಿ ಪ್ರಮಾಣಪತ್ರಕ್ಕಾಗಿ ನಾಲ್ಕು ಸಲ ಅಲೆದವರಿಗೆ ಈ ಭಯ ಕಲ್ಪನೆಯದ್ದಲ್ಲ. ಕರ್ನಾಟಕ 2011ರಲ್ಲಿ ಸಕಾಲ ಕಾಯಿದೆ ತಂದದ್ದು ಈ ಅಲೆದಾಟ ತಪ್ಪಿಸಲೆಂದೇ. ಸೇವೆಗೆ ದಿನದ ಮಿತಿ. ತಡವಾದರೆ ದಿನಕ್ಕೆ 20 ರೂಪಾಯಿಯಂತೆ 500 ರೂಪಾಯಿ ತನಕ ಅರ್ಜಿದಾರನಿಗೆ ಪರಿಹಾರ. ಆದರೆ ಗಡಿಯಾರ ಕಾಲವನ್ನಷ್ಟೇ ಅಳೆಯುತ್ತದೆ. ಮಿತಿಯೊಳಗೆ ತಿರಸ್ಕರಿಸಿದರೂ ಕೆಲಸ ಸಕಾಲದಲ್ಲಿ ಮುಗಿದಂತೆಯೇ. ತಿರಸ್ಕರಿಸಿದರೆ ಕಾರಣ ಬರೆಯಬೇಕೆಂದು ಕಾಯಿದೆ ಹೇಳುತ್ತದೆ. ಆ ಕಾರಣ ಕಾರಣದಂತಿದೆಯೇ ಎಂದು ಗಡಿಯಾರ ನೋಡುವುದಿಲ್ಲ. ಅದನ್ನು ನೋಡಲು ಕಲಿತ ಅಧಿಕಾರಿ ಬೇಕು. ನಿಯಮದ ಹಿಂದೆ ಅಡಗುವ ಗುಮಾಸ್ತನೂ ನಿಯಮವನ್ನೇ ನೋಡದ ಕಾರ್ಯದರ್ಶಿಯೂ ಮೇಲುನೋಟಕ್ಕೆ ವಿರುದ್ಧ ದಿಕ್ಕಿನವರು. ಇಬ್ಬರೂ ತಪ್ಪಿಸಿಕೊಳ್ಳುವುದು ಮಾತ್ರ ಒಂದೇ ಕೆಲಸವನ್ನು: ಎದುರಿಗಿರುವ ಮನುಷ್ಯನಿಗೆ ಅರ್ಥವಾಗುವಂತೆ, ತನ್ನ ಹೆಸರಿನಲ್ಲಿ ಕಾರಣ ಕೊಡುವುದನ್ನು.

ಅನಿವಾಸಿ ಕನ್ನಡಿಗರು ಇದನ್ನು ಬೇರೆಯವರ ಮನೆಯ ಕಥೆಯಂತೆ ಓದುವ ಸಾಧ್ಯತೆಯೇ ಹೆಚ್ಚು. ಆಸ್ಟ್ರೇಲಿಯಾಕ್ಕೆ ಹೊಸದಾಗಿ ಬಂದ ಕಾಯಂ ನಿವಾಸಿಗಳಿಗೆ ನಿರುದ್ಯೋಗ ಭತ್ಯೆ ನಾಲ್ಕು ವರ್ಷ ಸಿಗುವುದಿಲ್ಲ. ಕೌಶಲದ ವೀಸಾದಲ್ಲಿ ಬಂದ ಮಧ್ಯಮ ವರ್ಗಕ್ಕೆ ಸೆಂಟರ್‌ಲಿಂಕ್ ಸಾಲು ಎಂದರೆ ಸೋಮಾರಿಗಳ ಸಾಲು ಎಂಬ ಇಲ್ಲಿನ ಟ್ಯಾಬ್ಲಾಯ್ಡ್ ಪತ್ರಿಕೆಗಳ ತಿರಸ್ಕಾರ ಬೇಗ ಅಂಟಿಕೊಳ್ಳುತ್ತದೆ. ಆದರೆ ಮಗುವನ್ನು ಶಿಶುಪಾಲನಾ ಕೇಂದ್ರಕ್ಕೆ ಬಿಡುವ ಪ್ರತಿ ಮನೆಯೂ ತನ್ನ ಮುಂದಿನ ವರ್ಷದ ಆದಾಯವನ್ನು ಅಂದಾಜು ಮಾಡಿ ಅದೇ ಕಚೇರಿಗೆ ಹೇಳುತ್ತದೆ, ವರ್ಷದ ಕೊನೆಗೆ ಅದೇ ಕಚೇರಿ ತೆರಿಗೆ ದತ್ತಾಂಶದೊಡನೆ ತಾಳೆ ನೋಡಿ ಹೆಚ್ಚಾದ ಸಹಾಯಧನವನ್ನು ವಾಪಸು ಕೇಳುತ್ತದೆ. ಅದು ಕಾನೂನುಬದ್ಧವೇ. ಕಾನೂನುಬದ್ಧವಾಗಿರಲು ಯಾರೋ ಒಬ್ಬರು ಕಾಯಿದೆಯನ್ನು ನೋಡಿ ಆ ವಿಧಾನ ರೂಪಿಸಿದ್ದಾರೆ ಎಂಬುದಷ್ಟೇ ವ್ಯತ್ಯಾಸ.

ಇನ್ನೊಂದು ಬದಿಯಿಂದಲೂ ಈ ಕಥೆ ಕನ್ನಡಿಗರಿಗೆ ಹತ್ತಿರದ್ದು. ಬೆಂಗಳೂರಿನಲ್ಲಿ ಕಲಿತವರು ಜಗತ್ತಿನ ಸರ್ಕಾರಗಳಿಗೆ ತಂತ್ರಾಂಶ ಬರೆಯುತ್ತಾರೆ. 26ರಿಂದ ಭಾಗಿಸು ಎಂಬ ಸಾಲು ಎಲ್ಲೋ ಒಂದು ಅಗತ್ಯ ವಿವರಣಾ ಪತ್ರದಲ್ಲಿ ಬರುತ್ತದೆ, ಯಾರೋ ಅದನ್ನು ಸಂಕೇತಕ್ಕೆ ಇಳಿಸುತ್ತಾರೆ, ಪರೀಕ್ಷಿಸುತ್ತಾರೆ, ಗಣಿತ ಸರಿಯಾಗಿರುವುದರಿಂದ ಪರೀಕ್ಷೆ ಪಾಸಾಗುತ್ತದೆ. ತೆಲಂಗಾಣದಲ್ಲಿ ಗಣಕದ ಮಾನದಂಡಗಳ ಮೇಲೆ ಸುಮಾರು 19 ಲಕ್ಷ ಪಡಿತರ ಚೀಟಿಗಳು ರದ್ದಾಗಿದ್ದವು; 2022ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಮನೆಗಳಿಗೆ ಹೋಗಿ ಮತ್ತೆ ಪರಿಶೀಲಿಸಲು ಹೇಳಬೇಕಾಯಿತು. 2024ರ ನವೆಂಬರ್‌ನಲ್ಲಿ ಕರ್ನಾಟಕದಲ್ಲೇ ಬಿಪಿಎಲ್ ಕಾರ್ಡುಗಳ ರದ್ದತಿ ಗದ್ದಲಕ್ಕೆ ಕಾರಣವಾಯಿತು; ಸರ್ಕಾರಿ ನೌಕರರು ಮತ್ತು ತೆರಿಗೆ ಪಾವತಿದಾರರನ್ನು ಬಿಟ್ಟು ಉಳಿದ ಅರ್ಹರ ಕಾರ್ಡು ರದ್ದಾಗುವುದಿಲ್ಲ ಎಂದು ಮುಖ್ಯಮಂತ್ರಿಗಳು ಹೇಳಬೇಕಾಯಿತು. ಅನರ್ಹರನ್ನು ತೆಗೆಯುವುದು ತಪ್ಪಲ್ಲ. ತೆಗೆಯುವ ಮೊದಲು ಕೇಳಿದ್ದರೇ, ಕಾರಣ ತಿಳಿಸಿದ್ದರೇ ಎಂಬುದು ರಾಜಕೀಯ ಜಗಳದ ಸದ್ದಿನಲ್ಲಿ ಮುಳುಗಿಹೋಯಿತು. ಪ್ರಗತಿಪರರೂ ಅದನ್ನು ಕೇಳಲಿಲ್ಲ; ಯಾವ ಪಕ್ಷಕ್ಕೆ ಲಾಭವಾಯಿತು ಎಂಬ ಚರ್ಚೆ ಅವರಿಗೂ ಹೆಚ್ಚು ರುಚಿಸಿತು.

ಹಾಗಾದರೆ ತರಗತಿಯಲ್ಲಿ ಏನು ಮಾಡಬೇಕು? ಮೊದಲು ಎರಡು ಕೋಣೆಗಳ ನಡುವಿನ ಗೋಡೆ ಕೆಡವಬೇಕು. ತೀರ್ಪುಗಳಿಗೆ ಬದಲು ಕಡತಗಳನ್ನು ಕೈಗಿಡಬೇಕು. ರಾಯಲ್ ಕಮಿಷನ್ ಬಯಲಿಗಿಟ್ಟ ಮಿಂಚಂಚೆಗಳು, ಪ್ರಸ್ತಾವನೆಗಳು, ಸಾಕ್ಷ್ಯಗಳು ಸಾರ್ವಜನಿಕವಾಗಿವೆ. ಯಾವ ದೇಶದ ಆಡಳಿತ ಶಿಕ್ಷಣಕ್ಕೂ ಇಷ್ಟು ಸಮೃದ್ಧ ಸಾಮಗ್ರಿ ಸುಲಭವಾಗಿ ಸಿಗದು. ಪ್ರಬಂಧ ಬರೆಸುವುದನ್ನು ಬಿಟ್ಟು ಟಿಪ್ಪಣಿ ಬರೆಸಬೇಕು: 2015ರ ಆ ಪ್ರಸ್ತಾವನೆ ನಿಮ್ಮ ಮೇಜಿಗೆ ಬಂದಿದೆ, ಮಧ್ಯಾಹ್ನದೊಳಗೆ ಮೇಲೆ ಹೋಗಬೇಕು, ಒಂದು ಪುಟದಲ್ಲಿ ನಿಮ್ಮ ಅಭಿಪ್ರಾಯ ಬರೆದು ಸಹಿ ಹಾಕಿ. ಆಮೇಲೆ ಸಾಲದ ಪತ್ರವನ್ನು ಅದನ್ನು ಪಡೆಯುವವಳ ಅಡುಗೆಮನೆಯಲ್ಲಿ ಕುಳಿತು ಓದುವಂತೆ ತಿದ್ದಿ ಬರೆಯಿರಿ. ಅಂಕ ಕೊಡಬೇಕಾದ್ದು ಉದಾತ್ತ ಭಾವಕ್ಕಲ್ಲ, ಕಲಮು ತಪ್ಪದೆ ಉಲ್ಲೇಖಿಸಿದ್ದಕ್ಕೆ, ‘ಇಲ್ಲ’ ಎಂಬುದನ್ನು ಅರ್ಥವಾಗುವಂತೆ ಬರೆದದ್ದಕ್ಕೆ.

ಗಣಕೀಕೃತ ತೀರ್ಮಾನಗಳು ಹೇಗಿರಬೇಕೆಂದು ಆಸ್ಟ್ರೇಲಿಯಾದ ಆಡಳಿತ ಪುನರ್ವಿಮರ್ಶಾ ಮಂಡಳಿ 2004ರಲ್ಲೇ ಒಂದು ವರದಿ ಕೊಟ್ಟಿತ್ತು. ಮಂಡಳಿಯನ್ನೇ 2015ರಲ್ಲಿ, ರೋಬೊಡೆಟ್ ಮೊಳೆತ ವರ್ಷದಲ್ಲೇ, ಖರ್ಚು ಉಳಿಸಲು ನಿಲ್ಲಿಸಿದರು. 2024ರ ಹೊಸ ನ್ಯಾಯಮಂಡಳಿಯ ಕಾಯಿದೆ ಅದಕ್ಕೆ ಮರುಜೀವ ಕೊಟ್ಟಿದೆ. ಹೀಗೆ ಉಳಿತಾಯವಾದ ಹಣವೆಷ್ಟೆಂದು ಲೆಕ್ಕ ಹಾಕಿಸುವುದೂ ಒಳ್ಳೆಯ ಮನೆಗೆಲಸವೇ.

ಧೈರ್ಯವನ್ನು ಮಾತ್ರ ಬೋಧಿಸಿ ಕಳಿಸುವುದು ಮೋಸ. 2017ರಲ್ಲಿ ಅನುಸರಣಾ ವಿಭಾಗದ ಉದ್ಯೋಗಿಯೊಬ್ಬರು ಯೋಜನೆಯ ತಪ್ಪನ್ನು ವಿವರಿಸಿ ಇಲಾಖೆಯ ಕಾರ್ಯದರ್ಶಿಗೇ ಬರೆದರು. ಅವರನ್ನು ತಳ್ಳಿಹಾಕುವಂತಿರಲಿಲ್ಲ. ಕೆಲಸದ ಒಳಹೊರಗು ಅವರಿಗೆ ಗೊತ್ತಿತ್ತು. ಯೋಜನೆ ನಿಲ್ಲಲಿಲ್ಲ. ತರಗತಿಯ ಎಷ್ಟೋ ಅಭ್ಯಾಸಗಳಲ್ಲಿ ವಿದ್ಯಾರ್ಥಿಗಳು ತಾವು ಆ ಪತ್ರ ಬರೆದ ಉದ್ಯೋಗಿ ಎಂದೇ ಕಲ್ಪಿಸಿಕೊಳ್ಳುತ್ತಾರೆ, ಅದು ಸುಲಭ. ಇನ್ನು ಹತ್ತು ವರ್ಷಕ್ಕೆ ಅವರಲ್ಲಿ ಹೆಚ್ಚಿನವರು ಅಂಥ ಪತ್ರ ಪಡೆಯುವ ಕುರ್ಚಿಯಲ್ಲಿರುತ್ತಾರೆ. ಕೊನೆಯ ಪರೀಕ್ಷೆಗೆ ಒಂದೇ ಪ್ರಶ್ನೆ ಇಟ್ಟರೂ ಸಾಕು: ಆ ಪತ್ರ ಸೋಮವಾರ ಬೆಳಿಗ್ಗೆ ನಿಮಗೆ ಬಂದಿದೆ, ಸಂಜೆಯೊಳಗೆ ನೀವು ಯಾರಿಗೆ, ಏನು ಬರೆಯುತ್ತೀರಿ?